ಬಾಗಿಲು ತೆರೆಯಿತು, ಮನೆ ಸಿಗಲಿಲ್ಲ



ಮಾರ್ಟಿನ್ ಲೂಥರ್ ಕಿಂಗ್ ಎಂಬ ಹೆಸರು ನಿಮಗೆ ಹೊಸದಲ್ಲ. ಶಾಲೆಯ ಭಾಷಣ ಸ್ಪರ್ಧೆಗಳಲ್ಲಿ ಮಕ್ಕಳು ಅವರ ಬಗ್ಗೆ ಬಾಯಿಪಾಠ ಒಪ್ಪಿಸುವುದನ್ನು ಕೇಳಿರುತ್ತೀರಿ. ಗಾಂಧೀಜಿಯ ದಾರಿ ಹಿಡಿದವರು, 1963ರಲ್ಲಿ ವಾಷಿಂಗ್ಟನ್ನಿನಲ್ಲಿ ಎರಡೂವರೆ ಲಕ್ಷ ಜನರ ಮುಂದೆ ತಮ್ಮ ಕನಸನ್ನು ಹೇಳಿಕೊಂಡವರು, ನೊಬೆಲ್ ಶಾಂತಿ ಪಾರಿತೋಷಕ ಪಡೆದವರು, ಕೊನೆಗೆ ಗುಂಡಿಗೆ ಬಲಿಯಾದವರು. ಅಲ್ಲಿಗೆ ಕಥೆ ಮುಗಿಯುತ್ತದೆ, ಚಪ್ಪಾಳೆ ಬೀಳುತ್ತದೆ. ಆ ಕನಸಿಗೂ ಆ ಗುಂಡಿಗೂ ನಡುವೆ ನಾಲ್ಕೂವರೆ ವರ್ಷಗಳಿದ್ದವು ಎಂಬುದು ಹೆಚ್ಚಿನವರಿಗೆ ನೆನಪಾಗುವುದಿಲ್ಲ. ಈ ವಾರ ನಾನು ನಿಮ್ಮೊಡನೆ ಮಾತನಾಡಬೇಕೆಂದಿರುವುದು ಮುಖ್ಯವಾಗಿ ಆ ವರ್ಷಗಳ ಬಗ್ಗೆ. ಏಕೆಂದರೆ ಆ ಕಥೆಯಲ್ಲಿ ಕಥೋಲಿಕರಾದ ನಾವೂ ಇದ್ದೇವೆ. ಕೆಲವರು ಅವರ ಜೊತೆ ನಡೆದವರಾಗಿ, ಇನ್ನು ಕೆಲವರು ಕೈಯಲ್ಲಿ ಕಲ್ಲು ಹಿಡಿದವರಾಗಿ.

ಮೊದಲು ಅವರ ಬಾಲ್ಯವನ್ನು ಸ್ವಲ್ಪ ನೋಡೋಣ. ಕಿಂಗ್ ಹುಟ್ಟಿದ್ದು 1929ರ ಜನವರಿ 15ರಂದು, ಅಮೆರಿಕದ ದಕ್ಷಿಣದಲ್ಲಿರುವ ಅಟ್ಲಾಂಟಾ ನಗರದಲ್ಲಿ. ತಂದೆ ಬ್ಯಾಪ್ಟಿಸ್ಟ್ ಸಭೆಯ ಬೋಧಕರು. ತಾಯಿ ಆಲ್ಬರ್ಟಾ ದೇವಾಲಯದಲ್ಲಿ ಆರ್ಗನ್ ನುಡಿಸುತ್ತಿದ್ದರು. ಊಟಕ್ಕೆ ಬಟ್ಟೆಗೆ ಕೊರತೆಯಿಲ್ಲದ, ಪ್ರಾರ್ಥನೆ ತಪ್ಪದ ಮನೆ. ಎದುರಿನ ಅಂಗಡಿಯವನ ಮಗ, ಬಿಳಿಯ ಹುಡುಗ, ಪುಟ್ಟ ಮಾರ್ಟಿನ್ನನ ಆಟದ ಗೆಳೆಯ. ಇಬ್ಬರಿಗೂ ಆರು ವರ್ಷ ತುಂಬಿ ಶಾಲೆಗೆ ಹೋಗುವ ಕಾಲ ಬಂದಾಗ ಇವನು ಕಪ್ಪು ಮಕ್ಕಳ ಶಾಲೆಗೆ ಹೋದ, ಅವನು ಬಿಳಿಯ ಮಕ್ಕಳ ಶಾಲೆಗೆ ಹೋದ. ಇನ್ನು ಮೇಲೆ ಆಟಕ್ಕೆ ಬರಬೇಡ ಎಂದು ಗೆಳೆಯನ ತಂದೆ ಹೇಳಿಬಿಟ್ಟ. ಅಂದು ರಾತ್ರಿ ಊಟದ ಮೇಜಿನ ಮುಂದೆ ತಾಯಿತಂದೆಯರು ಮಗನಿಗೆ ಗುಲಾಮಗಿರಿಯ ಚರಿತ್ರೆಯನ್ನು ಹೇಳಬೇಕಾಯಿತು. ಆರು ವರ್ಷದ ಮಗುವಿಗೆ! ನೀನು ಯಾರಿಗೂ ಕಡಿಮೆಯಲ್ಲ ಎಂದು ತಾಯಿ ಧೈರ್ಯ ಹೇಳಿದರು. ಆದರೆ ಮಾರನೆಯ ದಿನ ಬೀದಿಗಿಳಿದರೆ ಊರಿಗೆ ಊರೇ ಬೇರೆ ಮಾತು ಹೇಳುತ್ತಿತ್ತು.

ಹದಿನೈದನೇ ವಯಸ್ಸಿಗೇ ಕಾಲೇಜು ಸೇರಿದ ಮಾರ್ಟಿನ್ ಮುಂದೆ ದೈವಶಾಸ್ತ್ರ ಓದಿದರು, ಬಾಸ್ಟನ್ ವಿಶ್ವವಿದ್ಯಾಲಯದಿಂದ 1955ರಲ್ಲಿ ಡಾಕ್ಟರೇಟ್ ಪಡೆದರು. 1953ರಲ್ಲಿ ಕೊರೆಟ್ಟಾ ಸ್ಕಾಟ್ ಅವರನ್ನು ಮದುವೆಯಾದರು. ಆಕೆ ಸಂಗೀತ ಕಲಿತವರು. ಉತ್ತರದಲ್ಲೇ ಉಳಿದಿದ್ದರೆ ಬದುಕು ಎಷ್ಟೋ ಹಗುರವಾಗಿರುತ್ತಿತ್ತು. ಆದರೆ ಗಂಡಹೆಂಡಿರು ದಕ್ಷಿಣಕ್ಕೆ, ಅಲಬಾಮಾ ರಾಜ್ಯದ ಮಾಂಟ್‌ಗೊಮರಿಗೆ ಬಂದರು. ಅಲ್ಲಿ ರೋಸಾ ಪಾರ್ಕ್ಸ್ ಎಂಬ ಹೊಲಿಗೆ ಕೆಲಸದ ಮಹಿಳೆ 1955ರ ಡಿಸೆಂಬರ್ 1ರಂದು ಬಸ್ಸಿನಲ್ಲಿ ಬಿಳಿಯನಿಗೆ ಜಾಗ ಬಿಡದೆ ಕುಳಿತದ್ದೂ, ಕಪ್ಪು ಜನರು 381 ದಿನ ಬಸ್ಸು ಹತ್ತದೆ ನಡೆದೇ ಕೆಲಸಕ್ಕೆ ಹೋದದ್ದೂ ನಿಮಗೆ ಗೊತ್ತು. ಆ ಹೋರಾಟದ ಮುಂದಾಳತ್ವ ಇಪ್ಪತ್ತಾರು ವರ್ಷದ ಕಿಂಗ್ ಅವರ ಹೆಗಲೇರಿತು.

ಒಂದು ರಾತ್ರಿಯ ಸಂಗತಿ ಮಾತ್ರ ಹೇಳಲೇಬೇಕು. 1956ರ ಜನವರಿ. ಕೊಲೆ ಬೆದರಿಕೆಯ ಫೋನು ದಿನವೂ ಬರುತ್ತಿತ್ತು. ಹೆಂಡತಿ, ಎರಡು ತಿಂಗಳ ಹೆಣ್ಣುಕೂಸು ಮಲಗಿದ್ದಾರೆ. ಕಿಂಗ್ ಅವರಿಗೆ ನಿದ್ದೆಯಿಲ್ಲ. ಅಡುಗೆಮನೆಯಲ್ಲಿ ಕಾಫಿ ಮಾಡಿಕೊಂಡು ಕುಳಿತವರು ತಲೆ ತಗ್ಗಿಸಿ, ನನ್ನಿಂದ ಇನ್ನಾಗದು, ಧೈರ್ಯ ಬತ್ತಿಹೋಗಿದೆ ಎಂದು ದೇವರ ಮುಂದೆ ಒಪ್ಪಿಕೊಂಡರು. ಓದಿದ ತತ್ವಶಾಸ್ತ್ರವೆಲ್ಲ ಆ ಹೊತ್ತಿಗೆ ಕೆಲಸಕ್ಕೆ ಬರಲಿಲ್ಲ. (ಸೆಮಿನರಿಯಲ್ಲಿ ತತ್ವಶಾಸ್ತ್ರ ಓದಿದ ನನಗೆ ಇದು ಚೆನ್ನಾಗಿ ಅರ್ಥವಾಗುತ್ತದೆ.) ಹತ್ತಿರದಲ್ಲೇ ದೇವರಿದ್ದಾನೆ ಎಂಬ ಅನುಭವ ಅಂದು ಅವರಿಗೆ ಆಯಿತು. ಮೂರು ದಿನಗಳ ಮೇಲೆ ಮನೆಯ ಮುಂಭಾಗಕ್ಕೆ ಬಾಂಬು ಬಿತ್ತು. ಒಳಗಿದ್ದ ಕೊರೆಟ್ಟಾ ಮತ್ತು ಮಗು ಬದುಕಿಕೊಂಡರು. ಬಂದೂಕು ಹಿಡಿದು ನೆರೆದ ತಮ್ಮ ಜನರನ್ನು ಕಿಂಗ್ ಸಮಾಧಾನಪಡಿಸಿ ಮನೆಗೆ ಕಳುಹಿಸಿದರು.

1959ರಲ್ಲಿ ಅವರು ಹೆಂಡತಿಯೊಡನೆ ನಮ್ಮ ದೇಶಕ್ಕೂ ಬಂದು ಒಂದು ತಿಂಗಳು ಸುತ್ತಾಡಿದರು. ತಿರುವನಂತಪುರದ ಶಾಲೆಯೊಂದರಲ್ಲಿ ಒಂದು ಪ್ರಸಂಗ ನಡೆಯಿತು. ಅಸ್ಪೃಶ್ಯರೆನಿಸಿಕೊಂಡ ಮನೆಗಳಿಂದ ಬಂದ ಮಕ್ಕಳೇ ಹೆಚ್ಚಾಗಿದ್ದ ಆ ಶಾಲೆಯ ಮುಖ್ಯೋಪಾಧ್ಯಾಯರು, ನಿಮ್ಮಂಥದೇ ಒಬ್ಬ ಅಸ್ಪೃಶ್ಯರು ಅಮೆರಿಕದಿಂದ ಬಂದಿದ್ದಾರೆ ಎಂದು ಅವರ ಪರಿಚಯ ಮಾಡಿಕೊಟ್ಟರು. ಕಿಂಗ್ ಅವರಿಗೆ ಮೊದಲು ಚುರುಕ್ಕೆಂದಿತು. ಒಂದು ಕ್ಷಣ ಯೋಚಿಸಿದರು. ತಮ್ಮ ದೇಶದ ಊರೂರಲ್ಲಿ ಕೊಳಚೆ ಕೇರಿಗಳಲ್ಲಿ ಹೊಸಕಿ ಹೋಗುತ್ತಿರುವ ಎರಡು ಕೋಟಿ ಕಪ್ಪು ಜನರು ಕಣ್ಮುಂದೆ ಬಂದರು. ಹೌದು, ನಾನು ಅಸ್ಪೃಶ್ಯನೇ ಎಂದು ಮನಸ್ಸಿನಲ್ಲೇ ಒಪ್ಪಿಕೊಂಡರು. ಆರು ವರ್ಷಗಳ ಮೇಲೆ ತಮ್ಮ ದೇವಾಲಯದ ಪ್ರಸಂಗದಲ್ಲಿ ಅವರೇ ಇದನ್ನು ನೆನೆದರು. ಕಾನೂನು ತೆಗೆದುಹಾಕಿದ ಅಸ್ಪೃಶ್ಯತೆ ನಮ್ಮ ದೇಶದಲ್ಲಿ ಎಲ್ಲೆಲ್ಲಿ ಅಡಗಿ ಕುಳಿತಿದೆ ಎಂಬುದನ್ನು ನಾನು ನಿಮಗೆ ಹೇಳಬೇಕಾಗಿಲ್ಲ.

ಮುಂದಿನ ವರ್ಷಗಳು ವಿಜಯದ ವರ್ಷಗಳು. 1964ರ ಜುಲೈ 2ರಂದು ನಾಗರಿಕ ಹಕ್ಕುಗಳ ಕಾನೂನು ಬಂತು. ಹೋಟೆಲು, ಚಿತ್ರಮಂದಿರ, ಕೆಲಸದ ಸ್ಥಳ, ಎಲ್ಲೂ ಬಣ್ಣ ನೋಡಿ ಹೊರಗಟ್ಟುವಂತಿಲ್ಲ ಎಂದಾಯಿತು. ಆ ಸೆಪ್ಟೆಂಬರಿನಲ್ಲಿ ಜಗದ್ಗುರು ಆರನೆಯ ಪೌಲರು ವ್ಯಾಟಿಕನ್ನಿನಲ್ಲಿ ಅವರನ್ನು ಬರಮಾಡಿಕೊಂಡರು. ಡಿಸೆಂಬರಿನಲ್ಲಿ ನೊಬೆಲ್ ಪಾರಿತೋಷಕ. ಅದರ 54,000 ಡಾಲರನ್ನೂ ಅವರು ಚಳವಳಿಗೇ ಕೊಟ್ಟುಬಿಟ್ಟರು. 1965ರ ಮಾರ್ಚಿನಲ್ಲಿ ಸೆಲ್ಮಾ ಎಂಬ ಊರಿನಲ್ಲಿ ಮತದಾನದ ಹಕ್ಕಿಗಾಗಿ ಮೆರವಣಿಗೆ ಹೊರಟವರನ್ನು ಪೊಲೀಸರು ಬಡಿದು ಹಾಕಿದಾಗ ಗಾಯಾಳುಗಳಿಗೆ ಔಷಧೋಪಚಾರ ಮಾಡಿದ್ದು ಒಂದು ಕಥೋಲಿಕ ಆಸ್ಪತ್ರೆ. ಅನಂತರ ದೇಶದ ನಾನಾ ಕಡೆಯಿಂದ ಗುರುಗಳೂ ಕನ್ಯಾಸ್ತ್ರೀಯರೂ ಬಂದು ಮೆರವಣಿಗೆಯ ಸಾಲಿನಲ್ಲಿ ನಿಂತರು. 1965ರ ಆಗಸ್ಟ್ 6ರಂದು ಮತದಾನದ ಹಕ್ಕಿನ ಕಾನೂನಿಗೂ ರಾಷ್ಟ್ರಾಧ್ಯಕ್ಷರ ಸಹಿ ಬಿತ್ತು.

ಇಲ್ಲಿಗೆ ಗೆದ್ದೆವು ಎಂದು ಮನೆಗೆ ಹೋಗಬಹುದಿತ್ತು. ಹಾಗೆಯೇ ಹೋದವರು ಬಹಳ ಮಂದಿ.

ಸಹಿ ಬಿದ್ದು ಐದೇ ದಿನಕ್ಕೆ, ಆಗಸ್ಟ್ 11ರಂದು, ಪಶ್ಚಿಮದ ಲಾಸ್ ಏಂಜಲೀಸ್ ನಗರದ ವಾಟ್ಸ್ ಎಂಬ ಕಪ್ಪು ಜನರ ಬಡಾವಣೆ ಹೊತ್ತಿ ಉರಿಯಿತು. ಗಲಭೆ ಅಡಗುವಷ್ಟರಲ್ಲಿ 34 ಮಂದಿ ಸತ್ತಿದ್ದರು. ಕಿಂಗ್ ಅಲ್ಲಿಗೆ ಹೋದರು. ಬೂದಿಯ ನಡುವೆ ನಿಂತ ತರುಣರು ನಾವು ಗೆದ್ದೆವು ಎಂದರು. ಇಷ್ಟು ಜನ ಸತ್ತು, ಸತ್ತವರಲ್ಲಿ ಹೆಚ್ಚಿನವರು ನಮ್ಮವರೇ ಆಗಿರುವಾಗ ಅದು ಹೇಗೆ ಗೆಲುವು ಎಂದು ಇವರು ಕೇಳಿದರೆ, ಜಗತ್ತು ನಮ್ಮ ಕಡೆ ತಿರುಗಿ ನೋಡುವಂತಾಯಿತಲ್ಲ ಎಂಬ ಉತ್ತರ ಬಂತು. ಆ ತರುಣರಿಗೆ ಬಸ್ಸಿನಲ್ಲಿ ಎಲ್ಲಿ ಬೇಕಾದರೂ ಕೂರುವ ಹಕ್ಕು ಮೊದಲೇ ಇತ್ತು, ಓಟೂ ಇತ್ತು. ಇಲ್ಲದ್ದು ಕೆಲಸ, ಒಳ್ಳೆಯ ಶಾಲೆ, ಮಾನವಾಗಿ ಬದುಕುವ ಮನೆ. ದಕ್ಷಿಣದಲ್ಲಿ ಗೆದ್ದ ಕಾನೂನುಗಳು ಅವರ ಬದುಕನ್ನು ಮುಟ್ಟಿಯೇ ಇರಲಿಲ್ಲ. ಹೋಟೆಲಿನ ಬಾಗಿಲು ತೆರೆದರೂ ಒಳಗೆ ಕೂತು ತಿನ್ನಲು ಜೇಬಿನಲ್ಲಿ ಕಾಸಿಲ್ಲದವನಿಗೆ ಅದರಿಂದ ಏನು ಬಂತು ಎಂಬ ಅರ್ಥದ ಮಾತನ್ನು ಕಿಂಗ್ ಆಮೇಲೆ ಮತ್ತೆ ಮತ್ತೆ ಆಡತೊಡಗಿದರು.

1966ರ ಜನವರಿಯಲ್ಲಿ ಅವರು ಉತ್ತರದ ದೊಡ್ಡ ನಗರ ಷಿಕಾಗೋಗೆ ಹೋದರು. ಹೋಟೆಲಿನಲ್ಲಿ ಇಳಿಯಲಿಲ್ಲ. ಲಾನ್‌ಡೇಲ್ ಎಂಬ ಕೊಳಚೆ ಬಡಾವಣೆಯಲ್ಲಿ ಮೂರನೇ ಮಹಡಿಯ ಬಾಡಿಗೆ ಮನೆ ಹಿಡಿದರು. ಬಾಡಿಗೆಗೆ ಬರುವವರು ಯಾರೆಂದು ತಿಳಿದೊಡನೆ ಮಾಲೀಕ ಆಳುಗಳನ್ನು ಕಳುಹಿಸಿ ಗೋಡೆಗೆ ಬಣ್ಣ ಬಳಿಸಿದ, ಮುರಿದದ್ದನ್ನು ರಿಪೇರಿ ಮಾಡಿಸಿದ. ಕಿಂಗ್ ಹೀಗೆ ಮನೆಯಿಂದ ಮನೆಗೆ ಬದಲಾಯಿಸುತ್ತ ಹೋದರೆ ಇಡೀ ಕೇರಿಯೇ ಸುಧಾರಿಸೀತು ಎಂದು ಜನ ನಗೆಯಾಡಿದರು! ಆದರೂ ಮೆಟ್ಟಿಲಲ್ಲಿ ಮೂತ್ರದ ನಾತ ಹೋಗಲಿಲ್ಲ. ಕೊಳಕು ಕೊಠಡಿಗಳ ನಾಲ್ಕು ಕೋಣೆಯ ಆ ಮನೆಗೆ ತಿಂಗಳಿಗೆ 94 ಡಾಲರ್ ಬಾಡಿಗೆ. ಅದೇ ನಗರದಲ್ಲಿ ಬಿಳಿಯರ ಬಡಾವಣೆಗಳಲ್ಲಿ ಐದು ಕೋಣೆಯ ಹೊಸ ಮನೆಗೆ 78 ಡಾಲರ್. ಬಡವನೇ ಹೆಚ್ಚು ತೆರುತ್ತಿದ್ದ, ಬಡವನೇ ಕಡಿಮೆ ಪಡೆಯುತ್ತಿದ್ದ. ಚರ್ಮದ ಬಣ್ಣಕ್ಕೆ ಹಾಕಿದ ತೆರಿಗೆ ಇದು ಎಂದು ಕಿಂಗ್ ಲೆಕ್ಕ ಹಾಕಿದರು.

ಕುಟುಂಬ ನಡೆಸುವ ತಾಯಿತಂದೆಯರೇ, ಮುಂದಿನದನ್ನು ನೀವು ಗಮನವಿಟ್ಟು ಓದಬೇಕು. ಆ ಬೇಸಿಗೆಯಲ್ಲಿ ಕಿಂಗ್ ಅವರ ನಾಲ್ಕು ಮಕ್ಕಳೂ ಆ ಮನೆಗೆ ಬಂದರು. ಆಡಲು ಅಂಗಳವಿಲ್ಲ, ಬೀದಿಯಲ್ಲಿ ವಾಹನಗಳ ಭಯ, ಒಳಗೆ ಧಗೆ. ಕೆಲವೇ ದಿನಗಳಲ್ಲಿ ಮಕ್ಕಳು ಸಿಡುಕತೊಡಗಿದರು, ಒಬ್ಬರಿಗೊಬ್ಬರು ಹೊಡೆದಾಡಿದರು, ಎಂದೂ ಇಲ್ಲದ ಹಟ ಹಿಡಿದರು. ಒಳ್ಳೆಯ ಮನೆಯಲ್ಲಿ ಬೆಳೆದ, ಪ್ರೀತಿಗೆ ಕೊರತೆಯಿಲ್ಲದ ಮಕ್ಕಳು! ಇಷ್ಟು ದಿನಕ್ಕೇ ನನ್ನ ಮಕ್ಕಳು ಹೀಗಾದರೆ ಹುಟ್ಟಿದಂದಿನಿಂದ ಇಲ್ಲೇ ಇರುವ ಮಕ್ಕಳ ಪಾಡೇನು ಎಂದು ತಂದೆಗೆ ಹೊಳೆಯಿತು. ಆ ಜನರ ಮಕ್ಕಳು ಹಾಗೆಯೇ, ಅವರ ರಕ್ತವೇ ಹಾಗೆ ಎಂದು ಸಲೀಸಾಗಿ ತೀರ್ಪು ಕೊಡುವವರಿಗೆ ಕಿಂಗ್ ಅವರ ಮನೆಯ ಆ ಒಂದು ಬೇಸಿಗೆ ಉತ್ತರ ಕೊಟ್ಟಿದೆ.

ಈ ಕೇರಿಗಳು ತಾವಾಗಿ ಹುಟ್ಟಿದವಲ್ಲ. ದಕ್ಷಿಣದ ಹತ್ತಿಹೊಲಗಳನ್ನು ಬಿಟ್ಟು ಲಕ್ಷಾಂತರ ಕಪ್ಪು ಜನರು ಕೆಲಸ ಹುಡುಕಿ ಉತ್ತರದ ನಗರಗಳಿಗೆ ಬಂದಾಗ ಅವರಿಗೆ ಮನೆ ಮಾರಬಾರದೆಂದು ಬಿಳಿಯ ಮಾಲೀಕರು ಕರಾರುಪತ್ರಗಳನ್ನೇ ಮಾಡಿಕೊಂಡಿದ್ದರು. 1948ರವರೆಗೆ ನ್ಯಾಯಾಲಯಗಳು ಅವುಗಳನ್ನು ಜಾರಿ ಮಾಡಿಸುತ್ತಿದ್ದವು. 1934ರಲ್ಲಿ ಸ್ಥಾಪನೆಯಾದ ಸರ್ಕಾರದ ಗೃಹಸಾಲ ಇಲಾಖೆ ಬಿಳಿಯರ ಹೊಸ ಬಡಾವಣೆಗಳಿಗೆ ಧಾರಾಳವಾಗಿ ಸಾಲದ ಖಾತರಿ ಕೊಟ್ಟಿತು. ಕಪ್ಪು ಜನರಿರುವ ಬಡಾವಣೆಗಳಿಗೆ ಕೊಡಲಿಲ್ಲ. ಬ್ಯಾಂಕು ಸಾಲ ಕೊಡದಿದ್ದರೆ ಮನೆ ಕೊಳ್ಳುವುದು ಹೇಗೆ? ದಲ್ಲಾಳಿಗಳು ದಾರಿ ಹುಡುಕಿದರು. ಕಪ್ಪು ಜನ ಬರುತ್ತಿದ್ದಾರೆ, ನಿಮ್ಮ ಮನೆಯ ಬೆಲೆ ಬಿದ್ದುಹೋಗುತ್ತದೆ ಎಂದು ಬಿಳಿಯ ಕುಟುಂಬವನ್ನು ಹೆದರಿಸಿ ಅಗ್ಗಕ್ಕೆ ಕೊಂಡರು. ಅದೇ ಮನೆಯನ್ನು ಕಪ್ಪು ಕುಟುಂಬಕ್ಕೆ ದುಪ್ಪಟ್ಟು ಬೆಲೆಗೆ ಕಂತಿನ ಮೇಲೆ ಮಾರಿದರು. ಕೊನೆಯ ಕಂತು ಕಟ್ಟುವ ತನಕ ಪತ್ರ ಕೊಂಡವನ ಹೆಸರಿಗಿಲ್ಲ. ಒಂದು ಕಂತು ತಪ್ಪಿದರೆ ಕಟ್ಟಿದ್ದೆಲ್ಲ ಮುಳುಗಿತು, ಮನೆಯೂ ಹೋಯಿತು. ದಲ್ಲಾಳಿ ಅದನ್ನು ಇನ್ನೊಬ್ಬನಿಗೆ ಮಾರಿದ. ಈ ವ್ಯವಹಾರದಲ್ಲಿ ಬಿಳಿಯ ಬಡವನೂ ಮೋಸಹೋದ, ಕಪ್ಪು ಬಡವನೂ ಮೋಸಹೋದ. ಆದರೆ ಇಬ್ಬರೂ ದೂರಿದ್ದು ಒಬ್ಬರನ್ನೊಬ್ಬರು.

ಈಗ ನಮ್ಮವರ ವಿಷಯಕ್ಕೆ ಬರುತ್ತೇನೆ. ಷಿಕಾಗೋ ನಗರದ ಬಿಳಿಯರಲ್ಲಿ ಬಹಳ ಮಂದಿ ಕಥೋಲಿಕರು. ಐರ್ಲೆಂಡ್, ಪೋಲೆಂಡ್, ಲಿಥುವೇನಿಯ, ಇಟಲಿಗಳಿಂದ ಬರಿಗೈಲಿ ಬಂದು ಕಸಾಯಿಖಾನೆ ಕಾರ್ಖಾನೆಗಳಲ್ಲಿ ದುಡಿದು ಮೇಲೆ ಬಂದವರು. ಯಾವ ಊರು ಎಂದು ಕೇಳಿದರೆ ತಮ್ಮ ಧರ್ಮಕೇಂದ್ರದ ಹೆಸರು ಹೇಳುವಷ್ಟು ಭಕ್ತಿ. ದೇವಾಲಯ, ಶಾಲೆ, ಕಾನ್ವೆಂಟು ಎಲ್ಲವನ್ನೂ ಹೊಟ್ಟೆ ಬಟ್ಟೆ ಕಟ್ಟಿ ಕಾಣಿಕೆ ಕೊಟ್ಟು ಕಟ್ಟಿಸಿದ್ದರು. ಜೀವಮಾನದ ಉಳಿತಾಯವೆಲ್ಲ ಒಂದು ಪುಟ್ಟ ಇಟ್ಟಿಗೆ ಮನೆಯಲ್ಲಿತ್ತು. ಒಳ್ಳೆಯ ತಂದೆಗಳು, ಜಪಸರ ತಪ್ಪದ ತಾಯಂದಿರು. ಇದನ್ನೆಲ್ಲ ಏಕೆ ಹೇಳುತ್ತಿದ್ದೇನೆ ಎಂದರೆ, ಅವರನ್ನು ರಾಕ್ಷಸರೆಂದು ಪಕ್ಕಕ್ಕಿಟ್ಟರೆ ನಾವು ತಪ್ಪಿಸಿಕೊಂಡುಬಿಡುತ್ತೇವೆ. ಅವರು ನಮ್ಮಂತೆಯೇ ಇದ್ದರು.

1966ರ ಬೇಸಿಗೆಯಲ್ಲಿ ಕಿಂಗ್ ಮತ್ತು ಅವರ ಸಂಗಡಿಗರು, ಹಣ ಕೊಡಬಲ್ಲ ಯಾರಿಗೇ ಆಗಲಿ ಯಾವ ಬಡಾವಣೆಯಲ್ಲಾಗಲಿ ಮನೆ ಸಿಗಬೇಕೆಂದು ಒತ್ತಾಯಿಸಿ ಬಿಳಿಯರ ಬಡಾವಣೆಗಳ ಮೂಲಕ ಮೆರವಣಿಗೆ ನಡೆಸಿದರು. ಜುಲೈ 31, ಭಾನುವಾರ. ಮಾರ್ಕೆಟ್ ಪಾರ್ಕ್ ಬಳಿ ಜನ ಅವರ ಮೇಲೆ ಕಲ್ಲು, ಬಾಟಲಿ ಎಸೆದರು. ಕಾರುಗಳಿಗೆ ಬೆಂಕಿ ಇಟ್ಟರು, ಕೆಲವನ್ನು ಕೊಳಕ್ಕೆ ನೂಕಿದರು. ಸಾಲಿನಲ್ಲಿದ್ದ ಕನ್ಯಾಸ್ತ್ರೀಯೊಬ್ಬರ ತಲೆಗೆ ಕಲ್ಲು ಬಿದ್ದು ಅವರು ನೆಲಕ್ಕೆ ಉರುಳಿದಾಗ ಗುಂಪಿನಿಂದ ಹರ್ಷದ ಕೂಗೆದ್ದಿತು. ಆಕೆ ಒಂದನೇ ತರಗತಿಯ ಮಕ್ಕಳಿಗೆ ಪಾಠ ಹೇಳುತ್ತಿದ್ದವರು. ಗುರುಗಳ ಬಿಳಿ ಕಾಲರನ್ನೂ ಸಿಸ್ಟರುಗಳ ಮುಸುಕನ್ನೂ ಕಂಡು ಜನ ಇನ್ನಷ್ಟು ಕೆರಳಿದರು. ನಮ್ಮವರೇ ನಮಗೆ ದ್ರೋಹ ಬಗೆದರು ಎಂಬ ಸಿಟ್ಟು ಅದು. ಅಂದು ಭಾನುವಾರ ಎಂಬುದನ್ನು ನಾನು ಮತ್ತೆ ನೆನಪಿಸುತ್ತೇನೆ. ಬೆಳಿಗ್ಗೆ ಆ ಬಡಾವಣೆಯ ದೇವಾಲಯಗಳಲ್ಲಿ ಬಲಿಪೂಜೆ ನಡೆದಿತ್ತು.

ಆಗಸ್ಟ್ 5ರಂದು ಕಿಂಗ್ ಅವರೇ ಅಲ್ಲಿಗೆ ಬಂದರು. ಮೆರವಣಿಗೆಯಲ್ಲಿ ಸುಮಾರು 700 ಜನ, ಎದುರಿಗೆ ಸಾವಿರಾರು ಜನ. ಕಾರಿನಿಂದ ಇಳಿದು ಸ್ವಲ್ಪ ದೂರ ನಡೆಯುವಷ್ಟರಲ್ಲಿ ಮುಷ್ಟಿ ಗಾತ್ರದ ಕಲ್ಲು ಅವರ ಕಿವಿಯ ಹಿಂದೆ ಬಡಿಯಿತು. ಮಂಡಿಯೂರಿ ಬಿದ್ದರು. ಸಂಗಡಿಗರು ಸುತ್ತುವರಿದು ನಿಂತರು. ತಲೆ ಸುತ್ತು ಇಳಿದ ಮೇಲೆ ಎದ್ದು ನಡೆದರು. ದಕ್ಷಿಣದ ಮಿಸಿಸಿಪ್ಪಿ, ಅಲಬಾಮಾಗಳಲ್ಲಿಯೂ ಇಂಥ ದ್ವೇಷದ ಮುಖಗಳನ್ನು ನೋಡಿರಲಿಲ್ಲ ಎಂದು ಅವರು ಪತ್ರಿಕೆಯವರಿಗೆ ತಿಳಿಸಿದರು.

ಷಿಕಾಗೋದ ಮಹಾಧರ್ಮಾಧ್ಯಕ್ಷ ಜಾನ್ ಕೋಡಿ ಅವರು ಜುಲೈನಲ್ಲಿ ಕಿಂಗ್ ಅವರ ದೊಡ್ಡ ಸಭೆಗೆ ಬೆಂಬಲದ ಸಂದೇಶ ಕಳುಹಿಸಿದ್ದರು. ಕಲ್ಲುಗಳು ಬಿದ್ದ ಮೇಲೆ, ಆಗಸ್ಟ್ 10ರಂದು, ಮೆರವಣಿಗೆಗಳನ್ನು ನಿಲ್ಲಿಸಿ ಎಂದು ಕೇಳಿಕೊಂಡರು. ಪ್ರಾಣಹಾನಿಯ ಭಯ ನಿಜವಾಗಿಯೂ ಇತ್ತು. ದೂರದಲ್ಲಿ ಕುಳಿತು ಅವರನ್ನು ಹಳಿಯುವುದು ನನಗೆ ಸುಲಭ. ಆದರೂ ಕಲ್ಲೆಸೆದವರ ಬದಲು ನಡೆದವರನ್ನು ನಿಲ್ಲಿಸಹೊರಟದ್ದು ಸರಿಯೆಂದು ನನಗೆ ಅನಿಸುವುದಿಲ್ಲ. ನಗರದ ಮೇಯರ್ ರಿಚರ್ಡ್ ಡೇಲಿ ಕೂಡ ಕಥೋಲಿಕರೇ, ದಿನವೂ ಪೂಜೆಗೆ ಹೋಗುತ್ತಿದ್ದವರು. ಆಗಸ್ಟ್ 26ರಂದು ನಗರದ ಮುಖಂಡರೂ ಕಿಂಗ್ ಅವರೂ ಕುಳಿತು ಒಂದು ಒಪ್ಪಂದ ಮಾಡಿಕೊಂಡರು. ಮನೆ ಮಾರಾಟದಲ್ಲಿ ಭೇದಭಾವ ಇರುವುದಿಲ್ಲ ಎಂದು ಕಾಗದದಲ್ಲಿ ಬರೆಯಲಾಯಿತು. ಕಾಗದದಲ್ಲೇ ಉಳಿಯಿತು. ಮನೆ ಕೊಡುವುದರಲ್ಲಿ ಭೇದ ಕೂಡದೆಂಬ ಮಸೂದೆಯೂ ಆ ಸೆಪ್ಟೆಂಬರಿನಲ್ಲಿ ಸೆನೆಟ್ ಸಭೆಯಲ್ಲಿ ಬಿದ್ದುಹೋಯಿತು.

ಒಂದು ಮಾತು ಇಲ್ಲಿ ಹೇಳಿಬಿಡುತ್ತೇನೆ. ಮನೆಗಳನ್ನು ಆಶೀರ್ವದಿಸಲು ಹೋದಾಗ, ಮೇಲಿನ ಮನೆ ಬಾಡಿಗೆಗೆ ಇದೆ ಸ್ವಾಮಿ, ಒಳ್ಳೆಯ ಕುಟುಂಬ ಇದ್ದರೆ ಹೇಳಿ ಎನ್ನುವವರಿದ್ದಾರೆ. ಒಂದು ಕುಟುಂಬದ ಹೆಸರು ಹೇಳಿದರೆ ದನಿ ತಗ್ಗಿಸಿ, ಅವರು ಯಾವ ಜನ ಎಂದು ಕೇಳುತ್ತಾರೆ. ಇಬ್ಬರೂ ಒಂದೇ ದೇವಾಲಯದಲ್ಲಿ ಒಂದೇ ಪರಮಪ್ರಸಾದ ಸ್ವೀಕರಿಸುವವರು. ಮಾರ್ಕೆಟ್ ಪಾರ್ಕಿನ ಕಥೆ ಓದಿದಾಗಲೆಲ್ಲ ನನಗೆ ಆ ತಗ್ಗಿದ ದನಿ ಕೇಳಿಸುತ್ತದೆ.

ಷಿಕಾಗೋದ ನಂತರ ಕಿಂಗ್ ಅವರಿಗೆ ಹಳೆಯ ಜನಪ್ರಿಯತೆ ಉಳಿಯಲಿಲ್ಲ. 1966ರಲ್ಲಿ ಗ್ಯಾಲಪ್ ಸಂಸ್ಥೆ ನಡೆಸಿದ ಜನಾಭಿಪ್ರಾಯ ಸಂಗ್ರಹದಲ್ಲಿ ಅಮೆರಿಕನ್ನರಲ್ಲಿ ನೂರಕ್ಕೆ 63 ಮಂದಿ ಅವರ ಬಗ್ಗೆ ಒಳ್ಳೆಯ ಅಭಿಪ್ರಾಯವಿಲ್ಲ ಎಂದರು. ಇಂದು ಅವರ ಹೆಸರಿನಲ್ಲಿ ರಜೆ ಕೊಡುವ ದೇಶ ಅದು! ಬಸ್ಸು ಹೋಟೆಲುಗಳ ಮಟ್ಟಿಗೆ ಅವರ ಜೊತೆಗಿದ್ದವರು ಮನೆ, ಕೆಲಸ, ಸಂಬಳದ ಮಾತು ಬಂದಾಗ ಹಿಂದೆ ಸರಿದರು. ಕಾನೂನು ಮಾಡಿಕೊಟ್ಟಿದ್ದಾಯಿತಲ್ಲ, ಇವರಿಗೆ ಇನ್ನೇನು ಬೇಕು ಎಂಬ ಪ್ರಶ್ನೆ ಎದ್ದಿತು. 1967ರ ಏಪ್ರಿಲಿನಲ್ಲಿ ಅವರು ವಿಯೆಟ್ನಾಂ ಯುದ್ಧವನ್ನು ಖಂಡಿಸಿ ಮಾತನಾಡಿದಾಗ ದೊಡ್ಡ ಪತ್ರಿಕೆಗಳೆಲ್ಲ ಅವರ ಮೇಲೆ ಬಿದ್ದವು. ಸರ್ಕಾರದ ಗುಪ್ತಚರ ಇಲಾಖೆ ವರ್ಷಗಳಿಂದ ಅವರ ಫೋನು, ಹೋಟೆಲು ಕೋಣೆಗಳಲ್ಲಿ ಕದ್ದು ಕೇಳುತ್ತಿತ್ತು. ದಾಂಪತ್ಯದಲ್ಲಿ ಅವರು ನಿಷ್ಠೆ ತಪ್ಪಿದ್ದರೆಂಬುದೂ ಸುಳ್ಳಲ್ಲ. ಅದನ್ನು ಮುಚ್ಚಿಡುವ ಅಗತ್ಯ ನನಗಿಲ್ಲ. ಕೊರೆಟ್ಟಾ ಹೊತ್ತ ಭಾರ ನಮಗೆ ತಿಳಿದಿರುವುದಕ್ಕಿಂತ ಹೆಚ್ಚೇ ಇರಬೇಕು. ಕೊನೆಯ ವರ್ಷಗಳಲ್ಲಿ ಕಿಂಗ್ ದಣಿದಿದ್ದರು, ಮನಸ್ಸು ಕುಗ್ಗಿತ್ತು, ನಿದ್ದೆ ಸರಿಯಾಗಿ ಬರುತ್ತಿರಲಿಲ್ಲ.

1967ರ ಜುಲೈನಲ್ಲಿ ನ್ಯೂಅರ್ಕ್ ನಗರದಲ್ಲಿ ಗಲಭೆಯಾಗಿ 26 ಜನ, ಡೆಟ್ರಾಯಿಟ್‌ನಲ್ಲಿ 43 ಜನ ಸತ್ತರು. ಕಾರಣ ಹುಡುಕಲು ರಾಷ್ಟ್ರಾಧ್ಯಕ್ಷರು ನೇಮಿಸಿದ ಆಯೋಗ 1968ರ ಆರಂಭದಲ್ಲಿ ವರದಿ ಕೊಟ್ಟು, ದೇಶವು ಕಪ್ಪು ಬಿಳುಪು ಎರಡು ಸಮಾಜಗಳಾಗಿ ಒಡೆಯುತ್ತಿದೆ, ಈ ಕೇರಿಗಳನ್ನು ನಿರ್ಮಿಸಿದ್ದೂ ಉಳಿಸಿಕೊಂಡು ಬಂದದ್ದೂ ಬಿಳಿಯರ ಸಂಸ್ಥೆಗಳೇ ಎಂದು ಸ್ಪಷ್ಟವಾಗಿ ಹೇಳಿತು. ಸರ್ಕಾರ ಆ ವರದಿಯ ಸಲಹೆಗಳಲ್ಲಿ ಹೆಚ್ಚಿನವನ್ನು ಕೈಗೆತ್ತಿಕೊಳ್ಳಲಿಲ್ಲ. ಆ ಹೊತ್ತಿಗೆ ಕಿಂಗ್, ಕಪ್ಪು ಬಿಳಿ ಎನ್ನದೆ ದೇಶದ ಬಡವರನ್ನೆಲ್ಲ ವಾಷಿಂಗ್ಟನ್ನಿಗೆ ಕರೆತಂದು ಗುಡಿಸಲು ಹಾಕಿ ಕೂರಿಸುವ ಸಿದ್ಧತೆಯಲ್ಲಿದ್ದರು.

ನಡುವೆ ದಕ್ಷಿಣದ ಮೆಂಫಿಸ್ ನಗರದಿಂದ ಕರೆ ಬಂತು. ಅಲ್ಲಿ ಕಸ ಹೊರುವ ಕೆಲಸವೆಲ್ಲ ಕಪ್ಪು ಜನರದು. ಮಳೆ ಬಂದರೆ ಅವರನ್ನು ಸಂಬಳವಿಲ್ಲದೆ ಮನೆಗೆ ಕಳುಹಿಸುತ್ತಿದ್ದರು. ಬಿಳಿಯ ಮೇಸ್ತ್ರಿಗಳಿಗೆ ಮಾತ್ರ ಪೂರ್ತಿ ಸಂಬಳ. ದಿನವಿಡೀ ದುಡಿದರೂ ಸರ್ಕಾರದ ಬಡವರ ಸಹಾಯಕ್ಕೆ ಅರ್ಹರಾಗುವಷ್ಟು ಕಡಿಮೆ ಕೂಲಿ. 1968ರ ಫೆಬ್ರುವರಿ 1ರಂದು ಮಳೆಗೆ ಆಸರೆ ಹುಡುಕಿ ಕಸದ ಲಾರಿಯೊಳಗೆ ಕುಳಿತ ಇಬ್ಬರು ಕಾರ್ಮಿಕರು, ಎಕೋಲ್ ಕೋಲ್ ಮತ್ತು ರಾಬರ್ಟ್ ವಾಕರ್, ಕಸ ಅದುಮುವ ಯಂತ್ರ ಕೆಟ್ಟು ಚಲಿಸಿದಾಗ ಅದರೊಳಗೆ ಸಿಕ್ಕಿ ಸತ್ತರು. ಕಸದಂತೆಯೇ ಅರೆದುಹೋದರು. ಹನ್ನೆರಡನೇ ತಾರೀಖು 1,300 ಕಾರ್ಮಿಕರು ಕೆಲಸ ನಿಲ್ಲಿಸಿದರು. ನಾವೂ ಮನುಷ್ಯರು ಎಂಬಷ್ಟನ್ನೇ ಬರೆದ ಫಲಕಗಳನ್ನು ಎದೆಗೆ ಕಟ್ಟಿಕೊಂಡು ದಿನವೂ ಬೀದಿಯಲ್ಲಿ ನಡೆದರು.

ಸಂಗಡಿಗರಲ್ಲಿ ಕೆಲವರಿಗೆ ಇಷ್ಟವಿರಲಿಲ್ಲ. ವಾಷಿಂಗ್ಟನ್ನಿನ ದೊಡ್ಡ ಕೆಲಸ ಬಿಟ್ಟು ಇದಕ್ಕೇಕೆ ಹೋಗಬೇಕು ಎಂದರು. ಕಿಂಗ್ ಹೋದರು. ಮಾರ್ಚ್ 31, ಭಾನುವಾರ, ವಾಷಿಂಗ್ಟನ್ನಿನ ಪ್ರಧಾನಾಲಯದಲ್ಲಿ ಅವರು ಮಾಡಿದ ಪ್ರಬೋಧನೆ ಅವರ ಕೊನೆಯ ಭಾನುವಾರದ ಪ್ರಬೋಧನೆಯಾಯಿತು. ಅದರಲ್ಲಿ ಶುಭಸಂದೇಶದ ಸಿರಿವಂತ ಮತ್ತು ಲಾಜರನ ಕಥೆಯನ್ನು ಎತ್ತಿಕೊಂಡರು. ಸಿರಿವಂತನು ನರಕಕ್ಕೆ ಹೋದದ್ದು ಅವನಲ್ಲಿ ಹಣವಿತ್ತೆಂದಲ್ಲ. ದಿನವೂ ಬಾಗಿಲಲ್ಲಿ ಬಿದ್ದಿದ್ದ ಲಾಜರನ ಪಕ್ಕದಲ್ಲೇ ಹಾದುಹೋಗುತ್ತಿದ್ದರೂ ಅವನು ಕಣ್ಣಿಗೆ ಬೀಳಲಿಲ್ಲವಲ್ಲ, ಅದಕ್ಕೆ ಎಂದು ವಿವರಿಸಿದರು. ನಮ್ಮಲ್ಲಿ ಎಷ್ಟು ಗುರುಗಳು ಆ ವಾಚನದ ಮೇಲೆ ಪ್ರಬೋಧನೆ ಮಾಡಿದ್ದೇವೆ! ಅವರು ಮಾತು ಮುಗಿಸಿ ಕಸದ ಕಾರ್ಮಿಕರ ಬಳಿಗೆ ಹೋದರು.

ಏಪ್ರಿಲ್ 4ರ ಸಂಜೆ ಆರು ಗಂಟೆ ದಾಟಿದಾಗ, ಮೆಂಫಿಸ್‌ನ ಲೊರೇನ್ ಮೋಟೆಲಿನ ಬಾಲ್ಕನಿಯಲ್ಲಿ ಊಟಕ್ಕೆ ಹೊರಡಲು ನಿಂತಿದ್ದವರ ದವಡೆಗೆ ಗುಂಡು ಬಡಿಯಿತು. ಅವರನ್ನು ಒಯ್ದದ್ದು ಸಂತ ಜೋಸೆಫರ ಹೆಸರಿನ ಕಥೋಲಿಕ ಆಸ್ಪತ್ರೆಗೆ. ಅಲ್ಲಿ ಒಂದು ಗಂಟೆಯೊಳಗೆ ಪ್ರಾಣ ಹೋಯಿತು. ವಯಸ್ಸು ಮೂವತ್ತೊಂಬತ್ತು. ನಾಲ್ಕು ದಿನಗಳ ಮೇಲೆ, ಇನ್ನೂ ಮಣ್ಣು ಮಾಡುವ ಮೊದಲೇ, ಕೊರೆಟ್ಟಾ ತಮ್ಮ ಮೂವರು ಮಕ್ಕಳ ಕೈಹಿಡಿದು ಮೆಂಫಿಸ್‌ಗೆ ಬಂದು ಗಂಡ ನಡೆಯಬೇಕಾಗಿದ್ದ ಮೆರವಣಿಗೆಯಲ್ಲಿ ತಾವೇ ನಡೆದರು. ಏಪ್ರಿಲ್ 9ರಂದು ಅಟ್ಲಾಂಟಾದಲ್ಲಿ ಹೇಸರಗತ್ತೆಗಳು ಎಳೆಯುವ ಹಳೆಯ ರೈತಬಂಡಿಯಲ್ಲಿ ಶವಪೆಟ್ಟಿಗೆ ಸಾಗಿತು. ಏಪ್ರಿಲ್ 16ರಂದು ಕಸದ ಕಾರ್ಮಿಕರ ಸಂಘವನ್ನು ನಗರಸಭೆ ಒಪ್ಪಿಕೊಂಡಿತು, ಕೂಲಿ ಹೆಚ್ಚಿತು. ಎರಡು ವರ್ಷ ಬಿದ್ದುಕೊಂಡಿದ್ದ ಮನೆಗಳ ಕಾನೂನಿಗೆ ಏಪ್ರಿಲ್ 11ರಂದು, ಅವರು ಸತ್ತು ಒಂದೇ ವಾರಕ್ಕೆ, ಸಹಿ ಬಿತ್ತು.

ಹಾಗಾದರೆ ಈಗ ಎಲ್ಲ ಸರಿಯಾಗಿರಬೇಕಲ್ಲ? ಬದಲಾವಣೆ ಬಹಳ ಆಗಿದೆ, ಅದನ್ನು ಅಲ್ಲಗಳೆಯುವಂತಿಲ್ಲ. ಕಪ್ಪು ವರ್ಣದವರೊಬ್ಬರು 2008ರಲ್ಲಿ ರಾಷ್ಟ್ರಾಧ್ಯಕ್ಷರಾಗಿ ಚುನಾಯಿತರಾದರು. ಆದರೆ ತಂದೆಯ ಮನೆ ಮಗನಿಗೆ ಬರುತ್ತದೆ. ತಂದೆಗೆ ಮನೆ ಕೊಳ್ಳಲು ಬಿಡದಿದ್ದರೆ ಮಗನಿಗೆ ಬರುವುದೇನು? 2022ರ ಸರ್ಕಾರಿ ಸಮೀಕ್ಷೆಯ ಪ್ರಕಾರ ನಡುಮಟ್ಟದ ಬಿಳಿಯ ಕುಟುಂಬದ ಆಸ್ತಿ 2,85,000 ಡಾಲರ್, ಕಪ್ಪು ಕುಟುಂಬದ್ದು 44,900 ಡಾಲರ್. ಸ್ವಂತ ಮನೆ ಇರುವವರ ಪ್ರಮಾಣದಲ್ಲಿ ಕಪ್ಪು ಬಿಳಿಯರ ಅಂತರ ಕಿಂಗ್ ಅವರ ಕಾಲದಲ್ಲಿ ಇದ್ದದ್ದಕ್ಕಿಂತ ತಗ್ಗಿಲ್ಲ. ಹುಟ್ಟಿದ ವರ್ಷದೊಳಗೆ ಸಾಯುವ ಕೂಸುಗಳು ಬಿಳಿಯರಲ್ಲಿ ಸಾವಿರಕ್ಕೆ ನಾಲ್ಕೂವರೆಯಾದರೆ ಕಪ್ಪು ಜನರಲ್ಲಿ ಹತ್ತಕ್ಕೂ ಹೆಚ್ಚು. ಮತದಾನದ ಹಕ್ಕಿನ ಕಾನೂನಿನ ಒಂದು ಮುಖ್ಯ ಅಂಶವನ್ನೇ 2013ರಲ್ಲಿ ಸರ್ವೋಚ್ಚ ನ್ಯಾಯಾಲಯ ರದ್ದು ಮಾಡಿತು. ವರ್ಣಭೇದ ಪಾಪವೆಂದು ಅಮೆರಿಕದ ಕಥೋಲಿಕ ಧರ್ಮಾಧ್ಯಕ್ಷರು 1979ರಲ್ಲಿ ಪಾಲನಾಪತ್ರ ಹೊರಡಿಸಿದರು. 2018ರಲ್ಲಿ ಮತ್ತೊಂದನ್ನು ಹೊರಡಿಸಬೇಕಾಯಿತು.

2025ರ ಮೇ ತಿಂಗಳಲ್ಲಿ ಜಗದ್ಗುರುಗಳಾಗಿ ಆಯ್ಕೆಯಾದ ಹದಿನಾಲ್ಕನೆಯ ಲಿಯೋ ಅವರು ಹುಟ್ಟಿದ್ದು ಇದೇ ಷಿಕಾಗೋದಲ್ಲಿ. ಕಿಂಗ್ ಅವರಿಗೆ ಕಲ್ಲು ಬಿದ್ದಾಗ ಅವರು ನಗರದ ಹೊರವಲಯದ ಡಾಲ್ಟನ್‌ನಲ್ಲಿ ಬೆಳೆಯುತ್ತಿದ್ದ ಹತ್ತು ವರ್ಷದ ಬಾಲಕ. ಅವರ ತಾಯಿಯ ತಂದೆತಾಯಿ ನ್ಯೂ ಆರ್ಲಿಯನ್ಸ್ ನಗರದಲ್ಲಿದ್ದಾಗ 1900ರ ಜನಗಣತಿಯ ಪುಸ್ತಕದಲ್ಲಿ ಕಪ್ಪು ಜನರೆಂದು ದಾಖಲಾಗಿದ್ದರು. ಷಿಕಾಗೋಗೆ ಬಂದ ಮೇಲೆ, 1920ರ ಗಣತಿಯಲ್ಲಿ, ಬಿಳಿಯರೆಂದು ದಾಖಲಾದರು. ಅದೇ ಗಂಡಹೆಂಡಿರು, ಅದೇ ಚರ್ಮ! ಯಾವ ಬೀದಿಯಲ್ಲಿ ಮನೆ ಸಿಗುತ್ತದೆ ಎಂಬುದು ಆ ಒಂದು ಪದದ ಮೇಲೆ ನಿಂತಿದ್ದ ಕಾಲ ಅದು.

ಕೊನೆಗೆ ಲಾನ್‌ಡೇಲ್‌ಗೇ ಹಿಂತಿರುಗೋಣ. ಕಿಂಗ್ ಬಾಡಿಗೆಗೆ ಇದ್ದ ಆ ಬಡಾವಣೆಯಲ್ಲಿ ಒಂದು ಕಥೋಲಿಕ ಧರ್ಮಕೇಂದ್ರವಿತ್ತು. ನಗರದ ದೊಡ್ಡ ಹೊಣೆಯಿಂದ ಬಿಡಿಸಿ 1966ರಲ್ಲಿ ಅಲ್ಲಿಗೆ ಕಳುಹಿಸಲ್ಪಟ್ಟಿದ್ದವರು ಮೊನ್ಸಿಜ್ಞೊರ್ ಜಾನ್ ಈಗನ್. ಮರುವರ್ಷ ಅವರಲ್ಲಿಗೆ ಜ್ಯಾಕ್ ಮೆಕ್‌ನಮಾರ ಎಂಬ ಯೇಸುಸಭೆಯ ಸೆಮಿನರಿ ತರುಣ ಬಂದ. ಅವನೂ ಅವನ ಸಹಪಾಠಿಗಳೂ ಮನೆಮನೆಗೆ ಹೋಗಿ ಜನರ ಕಷ್ಟ ಕೇಳಿದರು. ಸರ್ಕಾರದ ದಾಖಲೆ ಕಚೇರಿಯಲ್ಲಿ ಕುಳಿತು ಯಾವ ಮನೆಯನ್ನು ದಲ್ಲಾಳಿ ಎಷ್ಟಕ್ಕೆ ಕೊಂಡ, ಎಷ್ಟಕ್ಕೆ ಮಾರಿದ ಎಂದು ಹುಡುಕಿ ತೆಗೆದರು. ಅದುವರೆಗೆ ಪ್ರತಿ ಕುಟುಂಬವೂ, ಮೋಸಹೋದವರು ನಾವೊಬ್ಬರೇ ಎಂದು ನಾಚಿಕೆಯಿಂದ ಬಾಯಿ ಮುಚ್ಚಿಕೊಂಡಿತ್ತು. 1968ರ ಜನವರಿಯಲ್ಲಿ ಅವರೆಲ್ಲ ಸೇರಿ ಒಂದು ಸಂಘ ಕಟ್ಟಿದರು. ಅವರಲ್ಲಿ ಬಹುಮಂದಿ ಕಥೋಲಿಕರಲ್ಲ, ಆದರೂ ಧರ್ಮಕೇಂದ್ರದಲ್ಲಿ ಸಭೆ ಸೇರಿದರು. ಒಬ್ಬೊಬ್ಬರಾಗಿ ಎದ್ದು ತಮ್ಮ ಕರಾರುಪತ್ರದ ಕಥೆ ಹೇಳಿಕೊಂಡರು. ಕಿಂಗ್ ಸತ್ತ ವರ್ಷದ ಡಿಸೆಂಬರಿನಲ್ಲಿ, ಬೆಲೆ ನ್ಯಾಯವಾಗುವ ತನಕ ಕಂತು ಕಟ್ಟುವುದಿಲ್ಲ ಎಂದು ನಿಂತರು. ನ್ಯಾಯಾಲಯದಲ್ಲಿ ಅವರಿಗೆ ಸೋಲಾಯಿತು. ಆದರೆ ನೂರಾರು ಕುಟುಂಬಗಳ ಕರಾರು ತಿದ್ದಲ್ಪಟ್ಟಿತು, ಮನೆಗಳು ಅವರವಾದವು. ಅದಕ್ಕೆ ಮೊದಲು, ಕಂತು ಕಟ್ಟದವರ ಮನೆಗಳಿಗೆ ಶೆರೀಫನ ಆಳುಗಳು ಬಂದು ಮಂಚ, ಮೇಜು, ಪಾತ್ರೆಪಗಡೆಗಳನ್ನು ಹೊತ್ತು ತಂದು ಬೀದಿಯಲ್ಲಿ ಹಾಕುತ್ತಿದ್ದರು. ಅವರು ಅತ್ತ ಹೋದೊಡನೆ ನೆರೆಹೊರೆಯವರು ಬಂದು ಒಂದೊಂದನ್ನೇ ಎತ್ತಿಕೊಂಡು ಮತ್ತೆ ಒಳಗಿಡುತ್ತಿದ್ದರು.